ಗಂಡ ಬದುಕಿರುವ ರಾಜಲಕ್ಷ್ಮಮ್ಮ

ರಾಜಲಕ್ಷ್ಮಮ್ಮನ ಹಣೆಯ ಕುಂಕುಮವನ್ನು ಮೊದಲು ಒರೆಸಿದ್ದು ಒಬ್ಬ ಮೇಕಪ್ ಮ್ಯಾನ್. ಸಕಲೇಶಪುರದ ಎಸ್ಟೇಟೊಂದರಲ್ಲಿ ಶೂಟಿಂಗ್ ನಡೆದಿತ್ತು. ನಾಟಕ ಆಡಿ ಗೊತ್ತಿದ್ದ ಹೊಸ ಮದುವಣಗಿತ್ತಿ, ನಾಯಕಿಯ ಗೆಳತಿಯ ಪಾರ್ಟು ಸಿಕ್ಕೀತೆಂದು ಹೋಗಿದ್ದಳು. ನಿರ್ದೇಶಕ ಮುಖ ನೋಡಿ, 'ಕುಂಕುಮ ಒರೆಸ್ರಿ' ಎಂದ. ಒರೆಸಿದರು. 'ಇದು ಕಣ್ರೀ ನನಗೆ ಬೇಕಿದ್ದ ಮುಖ' ಎಂದು ಚಪ್ಪಾಳೆ ತಟ್ಟಿದ. ಅವತ್ತು ಹೋದ ಕುಂಕುಮ ತೆರೆಯ ಮೇಲೆ ಮತ್ತೆ ಬರಲೇ ಇಲ್ಲ.

ನಲವತ್ತು ವರ್ಷ ಕನ್ನಡ ಸಿನಿಮಾ ಆಕೆಗೆ ಕೊಟ್ಟಿದ್ದು ಬಿಳಿ ಸೀರೆ ಮತ್ತು ಅಳು. ಒಂದು ಚಿತ್ರದಲ್ಲಿ ಗಂಡ ಹೊಳೆಯಲ್ಲಿ ಕೊಚ್ಚಿಹೋದ, ಇನ್ನೊಂದರಲ್ಲಿ ಜಮೀನ್ದಾರನ ಗುಂಡೇಟಿಗೆ ಬಿದ್ದ, ಬಹುಪಾಲು ಚಿತ್ರಗಳಲ್ಲಿ ಕಥೆ ಶುರುವಾಗುವ ಮೊದಲೇ ಸತ್ತು ಗೋಡೆಯ ಫೋಟೋ ಆಗಿದ್ದ. ಆಕೆಗಿಂತ ಹಿರಿಯನಾದ ಹೀರೋ ಕಾಲಿಗೆ ಬಿದ್ದು 'ಅಮ್ಮಾ' ಅಂದ. ಒಮ್ಮೆ ಧೈರ್ಯ ಮಾಡಿ ನಗುವ ಪಾತ್ರ ಕೇಳಿದಾಗ ನಿರ್ಮಾಪಕ, 'ನೀವು ನಕ್ರೆ ಜನ ಎದ್ದು ಹೋಗ್ತಾರಮ್ಮ' ಅಂದನಂತೆ. ಆಕೆ ನಕ್ಕಿದ್ದನ್ನು ಆ ಮಹಾನುಭಾವ ಎಂದಾದರೂ ನೋಡಿದ್ದನೇ?

ಆಕೆಯ ನಿಜದ ಗಂಡ ನಂಜುಂಡ ಮಾತ್ರ ಗುಂಡುಕಲ್ಲಿನಂತೆ ಇದ್ದಾನೆ. ಎಸ್ಟೇಟಿನಲ್ಲಿ ಲೆಕ್ಕ ಬರೆಯುವ ರೈಟರ್ ಆಗಿದ್ದವನು. ಹೆಂಡತಿಯ ಚಿತ್ರ ಬಂದಾಗಲೆಲ್ಲ, 'ಈ ಸಲ ನನ್ನ ಹೆಂಗೆ ಸಾಯಿಸವ್ರೆ?' ಎಂದು ಕೇಳಿಕೊಂಡೇ ಟಾಕೀಸಿಗೆ ಹೋಗುತ್ತಿದ್ದ.

ಹೋದ ಬೇಸಿಗೆಯಲ್ಲಿ ತಂಗಿ ಚಂದ್ರಿಕಾಳ ಮಗಳು ಧನುಶ್ರೀಯ ಮದುವೆ, ಬಾಳ್ಳುಪೇಟೆಯ ಛತ್ರದಲ್ಲಿ. ಬೆಳಗ್ಗೆಯಿಂದ ಗಂಡಿನ ಕಡೆಯವರು ರಾಜಲಕ್ಷ್ಮಮ್ಮನ ಭುಜಕ್ಕೆ ಭುಜ ತಾಗಿಸಿ ಸೆಲ್ಫಿ ತೆಗೆದುಕೊಂಡರು. ಮದುಮಗಳಿಗೆ ಅರಿಶಿನ ಹಚ್ಚಲು ಮುತ್ತೈದೆಯರನ್ನು ಕರೆದಾಗ, ಕುಂದೂರಿನಿಂದ ಬಂದಿದ್ದ ವರನ ಸೋದರತ್ತೆ ಆಕೆಯನ್ನು ದಾಟಿ ಪಕ್ಕದವಳ ಕೈ ಹಿಡಿದಳು. ರಾಜಲಕ್ಷ್ಮಮ್ಮ ಸ್ವಂತ ದೊಡ್ಡಮ್ಮ, ಧನುಶ್ರೀಯನ್ನು ಎತ್ತಿ ಆಡಿಸಿದವಳು. ಈ ಅರಿಶಿನ ಹಚ್ಚಬೇಕೆಂದೇ ಹಿಂದಿನ ದಿನ ಬಂದಿದ್ದಳು.

'ನನ್ನ ಯಾಕೆ ಬುಟ್ರಿ?'

'ತಪ್ಪು ತಿಳ್ಕೋಬೇಡ್ರಮ್ಮ,' ಸೋದರತ್ತೆ ದನಿ ತಗ್ಗಿಸಿದಳು. 'ನಿಮ್ಮನ್ನ ಕಂಡ್ರೆ ಪಿಚ್ಚರ್‌ನಲ್ಲಿ ಬಳೆ ಒಡ್ಕಂಡಿದ್ದೇ ಕಣ್ಮುಂದೆ ಬತ್ತೈತೆ. ಶುಭಕಾರ್ಯ, ನೋಡಿ.'

ಮುಂದಿನ ಸಾಲಿನಲ್ಲಿ ಕೂತಿದ್ದ ನಂಜುಂಡ ಲೋಟ ಹಿಡಿದೇ ಎದ್ದು ಬಂದ. 'ನಾನು ಸತ್ತೋಗಿದ್ರೆ ಈ ಕಾಫಿ ಕುಡೀತಿರೋನು ಯಾರವ್ವ? ಸಕ್ಕರೆ ಬೇರೆ ಜಾಸ್ತಿ ಐತೆ.'

ಛತ್ರವೆಲ್ಲ ನಕ್ಕಿತು. ಸೋದರತ್ತೆ ಪೆಚ್ಚಾದಳು. 'ಬನ್ನಿ ಬನ್ನಿ, ಯಜಮಾನ್ರು ಚೆನ್ನಾಗವ್ರಲ್ಲ, ನೀವೇ ಮೊದ್ಲು ಹಚ್ಚಿ' ಎಂದು ಅರಿಶಿನದ ಬಟ್ಟಲು ಕೈಗಿತ್ತಳು.

ಬಟ್ಟಲು ಹಿಡಿದು ತಿರುಗಿದವಳಿಗೆ ಅಡುಗೆಮನೆಯ ಬಾಗಿಲ ಮರೆಯಲ್ಲಿ ಚಂದ್ರಿಕಾ ಕಂಡಳು. ಹೆತ್ತ ತಾಯಿ. ಗಂಡ ಸತ್ತ ಮೇಲೆ ಸಕಲೇಶಪುರದಲ್ಲಿ ಹೊಲಿಗೆ ಅಂಗಡಿ ಇಟ್ಟು ಈ ಮಗಳನ್ನು ಓದಿಸಿದವಳು. ಮದುವೆಯ ಊಟದಿಂದ ಹಿಡಿದು ವರನ ಪಂಚೆಯವರೆಗೆ ಅವಳದೇ ದುಡಿಮೆ. ಆ ದುಡಿಮೆ ಯಾರಿಗೂ ಅಪಶಕುನವಾಗಿರಲಿಲ್ಲ. ಅವಳ ಕೈ ಮಾತ್ರ ಆಗಿತ್ತು.

ಗಂಡ ಬದುಕಿದ್ದಾನೆಂದು ತೋರಿಸಿ ತಾನು ಗೆದ್ದಿದ್ದು ಯಾರೆದುರು ಎಂದು ಹೊಳೆದದ್ದೇ ರಾಜಲಕ್ಷ್ಮಮ್ಮನ ಮೈ ಉರಿಯಿತು. ನೆಟ್ಟಗೆ ಹೋಗಿ ತಂಗಿಯ ಮುಂದೆ ಬಟ್ಟಲು ಚಾಚಿದಳು. 'ತಗೋ. ನೀನು ಹಚ್ಚು.'

'ಬ್ಯಾಡ ಕಣಕ್ಕ,' ಚಂದ್ರಿಕಾ ಕೈ ಹಿಂದಕ್ಕೆಳೆದುಕೊಂಡಳು. 'ನಾಳೆ ಮಗೀಗೆ ಏನಾರ ಆದ್ರೆ ನನ್ ತಲೆಗೇ ಕಟ್ತಾರೆ.'

ಕಟ್ಟುವವರೇ ಅಲ್ಲಿ ಕುರ್ಚಿ ತುಂಬಾ ಕೂತಿದ್ದರು. ಗಳಿಗೆ ಮೀರುತ್ತದೆಂದು ಯಾರೋ ಗೊಣಗಿದರು. ರಾಜಲಕ್ಷ್ಮಮ್ಮ ಬಟ್ಟಲನ್ನು ಸೋದರತ್ತೆಗೆ ವಾಪಸ್ ಕೊಟ್ಟಳು. 'ಹೆತ್ತವಳು ಹಚ್ಚಬಾರದ ಅರಿಶಿನ ನಂಗೂ ಬ್ಯಾಡ. ನೀವು ಶುರು ಮಾಡ್ಕಳಿ.'

ಅವರು ಶುರು ಮಾಡಿಕೊಂಡರು. ಸೋಬಾನೆಯ ಒಂದು ಸಾಲೂ ತಪ್ಪಲಿಲ್ಲ. ಅಕ್ಕತಂಗಿಯರು ಬಾಗಿಲಲ್ಲಿ ಕೈ ಹಿಡಿದು ನಿಂತರು. ವರನ ಗೆಳೆಯನೊಬ್ಬ ಮೊಬೈಲ್ ಎತ್ತಿ ವಿಡಿಯೊ ಮಾಡತೊಡಗಿದ. 'ಈಗ ಅಳ್ತಾರೆ ನೋಡ್ಲಾ' ಎಂದ ಪಕ್ಕದವನಿಗೆ.

ರಾಜಲಕ್ಷ್ಮಮ್ಮ ಅವನನ್ನೇ ದುರುಗುಟ್ಟಿ ನೋಡಿದಳು. ಕಾದು ಕಾದು ಅವನು ಮೊಬೈಲ್ ಜೇಬಿಗಿಳಿಸಿ ತಿಂಡಿಗೆ ಹೋದ.