ಬಲದಿಂದ ಓದಿದ ನಾಲ್ಕು ಚಿತ್ರ

ಕಾಮಿಕ್ಸ್ ಬರೆಯುವವರಿಗೆ ಚಿತ್ರ ಬಿಡಿಸಲೂ ಬರುತ್ತದೆ ಎಂದು ಜನ ತಿಳಿದುಕೊಂಡಿರುತ್ತಾರೆ. ನಮ್ಮ ಸಂಪಾದಕರಿಗೆ ಒಂದು ತೆಂಗಿನಮರ ಬಿಡಿಸಲೂ ಬರುತ್ತಿರಲಿಲ್ಲ. ಅವರು ಗೀಚಿ ಕೊಟ್ಟ ತೆಂಗಿನಮರವನ್ನು ನಾನೊಮ್ಮೆ ಕೊಡೆ ಅಂದುಕೊಂಡು ಇಡೀ ಪುಟದ ತುಂಬ ಕೊಡೆ ಹಿಡಿದವರನ್ನು ನಿಲ್ಲಿಸಿದ್ದೆ. ಆದರೆ ಒಂದು ಕತೆಗೆ ಎಷ್ಟು ಚೌಕ ಬೇಕು, ಯಾವ ಚೌಕದಲ್ಲಿ ಯಾರೂ ಬಾಯಿ ತೆರೆಯಬಾರದು ಎಂಬುದು ಅವರಷ್ಟು ಗೊತ್ತಿದ್ದವರನ್ನು ನಾನು ಈವರೆಗೆ ಕಂಡಿಲ್ಲ.

ಮಂಗಳೂರಿನ ಬಲ್ಮಠದ ಒಂದು ಹಳೆ ಕಟ್ಟಡದ ಮಹಡಿಯಲ್ಲಿದ್ದ ಒಂಟಿ ಕೋಣೆಯೇ ನಮ್ಮ ಮಾಸಿಕದ ಕಚೇರಿ. ಸಂಪಾದಕರದು ಹೋಟೆಲು ನಡೆಸುವ ಮನೆತನ. ಅಣ್ಣತಮ್ಮಂದಿರು ಒಬ್ಬೊಬ್ಬರು ಒಂದೊಂದು ಹೋಟೆಲು ಹಿಡಿದಾಗ ಇವರು ಮಕ್ಕಳ ಕಾಮಿಕ್ಸ್ ಹೊರಡಿಸುತ್ತೇನೆ ಎಂದು ಹೊರಟರಂತೆ. ಮನೆಯವರು ತಲೆ ಚಚ್ಚಿಕೊಂಡರಂತೆ. ಪಣಂಬೂರು ಬಂದರಿನಲ್ಲಿ ಹಡಗು ಎಳೆಯುವ ಟಗ್ ದೋಣಿಯಲ್ಲಿ ಅಡಿಗೆ ಮಾಡುವವನೊಬ್ಬ ಬರೀ ಮೂಸಿ ನೋಡಿ ಕಳ್ಳರನ್ನು ಹಿಡಿಯುವ ಸರಣಿ ಅವರದೇ. ಕೊನೆಯ ಸ್ಟಾಪು ಯಾವುದೆಂದು ಮರೆತುಹೋದ ಸಿಟಿ ಬಸ್ಸಿನ ಕತೆಯೂ ಅವರದೇ. ಮಾತುಗಳನ್ನು ಮೊದಲು ತುಳುವಿನಲ್ಲಿ ತಾವೇ ಆಡಿ ನೋಡುತ್ತಿದ್ದರು. ತಮಗೇ ನಗು ಬಂದರೆ ಮಾತ್ರ ಅದು ಕನ್ನಡವಾಗಿ ಪಾತ್ರದ ಬಾಯಿಂದ ಹೊರಡುವ ಮಾತಿನ ಬಲೂನಿನೊಳಗೆ ಹೋಗಬೇಕು. ಒಂದು ಬಲೂನಿನಲ್ಲಿ ಒಂಬತ್ತು ಪದ ದಾಟಿದರೆ ತಮ್ಮ ಮಾತನ್ನೇ ಕರುಣೆಯಿಲ್ಲದೆ ಕತ್ತರಿಸುತ್ತಿದ್ದರು. ನಾನು ಹನ್ನೆರಡು ವರ್ಷ ಅವರ ಕತೆಗಳಿಗೆ ಚಿತ್ರ ಬಿಡಿಸಿದೆ.

ಅವರ ಒಂದು ಕ್ರಮ ಮಾತ್ರ ನನಗೆ ತಲೆಬಿಸಿ. ಪುಟ ಮುಗಿದ ಮೇಲೆ ಬಲೂನುಗಳ ಮೇಲೆ ಕಾಗದದ ಚೂರು ಅಂಟಿಸಿ, ಮಾತು ಕಾಣದ ಹಾಗೆ ಮಾಡಿ, ಹೊರಗೆ ಹೋಗಿ ಸಿಕ್ಕಿದವರಿಗೆ ತೋರಿಸುತ್ತಿದ್ದರು. ರಿಕ್ಷಾದವರು, ಕಬ್ಬಿನ ಹಾಲಿನವರು, ಮೀನು ಮಾರುವ ಹೆಂಗಸರು, ಯಾರಾದರೂ ಆಗಬಹುದು. ಅವರು ಕತೆಯನ್ನು ಸರಿಯಾಗಿ ಹೇಳಿದರೆ ಪುಟ ಪಾಸು. ಇಲ್ಲದಿದ್ದರೆ ನನ್ನ ಮೇಜಿಗೆ ವಾಪಸು. ನನ್ನ ಅಡಿಗೆಯವನು ಮೂಸುತ್ತಿಲ್ಲ, ಅಳುತ್ತಿದ್ದಾನೆ ಎಂದು ಮೀನಿನವರೊಬ್ಬರು ಹೇಳಿದ್ದಕ್ಕೆ ಒಂದೇ ಮೂಗನ್ನು ನಾನು ಹನ್ನೊಂದು ಸಲ ಬಿಡಿಸಿದ್ದೇನೆ. ಸಂಪಾದಕರು ಒಮ್ಮೆಯೂ ಚಿತ್ರ ಚೆನ್ನಾಗಿಲ್ಲ ಎನ್ನಲಿಲ್ಲ.

“ಅವರಿಗೆ ಗೊತ್ತಾಗ್ಲಿಲ್ಲ ಮಾರಾಯ್ತಿ, ಎಂತ ಮಾಡುವುದು?” ಎನ್ನುತ್ತಿದ್ದರು. ಬೈದಿದ್ದರೆ ತಿರುಗಿ ಬೈಯಬಹುದಿತ್ತು. ಇದಕ್ಕೆ ಮತ್ತೆ ಪೆನ್ಸಿಲು ಚೂಪು ಮಾಡುತ್ತಿದ್ದೆ, ಅಷ್ಟೆ.

ಮಕ್ಕಳ ಕೈಗೆ ಫೋನು ಬಂತು, ಅಂಗಡಿಗಳಿಂದ ಕಟ್ಟುಗಳು ಬಿಚ್ಚದೆ ಹಿಂದೆ ಬರತೊಡಗಿದವು, ಮಾಸಿಕ ನಿಂತಿತು. ಸಂಪಾದಕರು ಆರು ತಿಂಗಳು ಪೆನ್ನು ಮುಟ್ಟಲಿಲ್ಲ. ಆಗ ಕಂಕನಾಡಿಯ ಆಸ್ಪತ್ರೆಯೊಂದರ ಡಾಕ್ಟರು ಒಂದು ಕೆಲಸ ಹೇಳಿದರು. ಶುಗರಿನ ಮದ್ದು ತೆಗೆದುಕೊಳ್ಳುವವರಿಗೆ ಒಮ್ಮೊಮ್ಮೆ ಶುಗರ್ ತೀರ ಇಳಿದುಬಿಡುತ್ತದೆ. ಆಗ ಏನು ಮಾಡಬೇಕೆಂದು ಓದಲು ಬಾರದವರಿಗೂ ತಿಳಿಯುವ ಒಂದು ಕರಪತ್ರ ಬೇಕು. ನನಗೆ ಅದು ಕಿರಿಕಿರಿಯ ಕೆಲಸ ಎನಿಸಿತು. ಸಂಪಾದಕರು ಮಾತ್ರ ಹೊಸ ಸರಣಿ ಸಿಕ್ಕಿದವರ ಹಾಗೆ ಎದ್ದು ಕೂತರು. ಎರಡು ವಾರ ಯೋಚಿಸಿ, ಒಂದೇ ಒಂದು ಪದವಿಲ್ಲದ ನಾಲ್ಕು ಚೌಕ ಬರೆದರು. ಹೆಂಗಸೊಬ್ಬಳು ಬೆವರಿ ನಡುಗುತ್ತಾಳೆ. ಸಕ್ಕರೆ ನೀರು ಕುಡಿಯುತ್ತಾಳೆ. ಸುಧಾರಿಸಿಕೊಂಡು ಕೂರುತ್ತಾಳೆ. ಊಟ ಮಾಡುತ್ತಾಳೆ. ನಾಲ್ಕನ್ನೂ ಒಂದೇ ಸಾಲಿನಲ್ಲಿ ಬಿಡಿಸಿದೆ. ಆಸ್ಪತ್ರೆಯ ವರಾಂಡದಲ್ಲಿ ಎಂಟು ಜನರಿಗೆ ತೋರಿಸಿದರು. ಎಂಟೂ ಜನ ಸರಿ ಹೇಳಿದರು. ನನ್ನ ಬದುಕಿನಲ್ಲಿ ಮೊದಲ ಸಲ ಒಂದೇ ಏಟಿಗೆ ಪುಟ ಪಾಸಾಯಿತು.

ಅಚ್ಚಿಗೆ ಮುಂಚಿನ ಪ್ರೂಫನ್ನು ಮನೆಗೆ ಒಯ್ದು ಉಮ್ಮನಿಗೆ, ಅಂದರೆ ನನ್ನ ತಾಯಿಗೆ, ಕೊಟ್ಟೆ. ಉಮ್ಮನಿಗೂ ಶುಗರ್, ಎಷ್ಟೋ ವರ್ಷದಿಂದ. ಶಾಲೆಗೆ ಹೋದವರಲ್ಲ, ಮದ್ರಸದಲ್ಲಿ ಕಲಿತ ಅರಬಿ ಅಕ್ಷರವೇ ಅವರಿಗೆ ಗೊತ್ತಿರುವ ಅಕ್ಷರ, ದಿನಾ ಬೆಳಿಗ್ಗೆ ಕುರ್‌ಆನ್ ಓದುತ್ತಾರೆ. ಅವರು ಕಾಗದವನ್ನು ಬೆಳಕಿಗೆ ಹಿಡಿದು ನಿಧಾನವಾಗಿ ನೋಡಿ ತಲೆ ಆಡಿಸಿದರು.

“ಸರಿಯಾಗಿ ಮಾಡಿದ್ದೀ. ಪಾಪ, ಊಟ ಮಾಡಿ ಆರಾಮ ಕೂತಿದ್ದಳು. ಆಮೇಲೆ ಆ ಸಕ್ಕರೆ ನೀರು ಕುಡಿದಳಲ್ಲಾ, ಈಗ ನೋಡು ಹೇಗೆ ನಡುಗ್ತಾಳೆ. ಸಕ್ಕರೆ ವಿಷ ಅಂತ ನಾನು ಯಾವಾಗ್ಲೂ ಹೇಳುವುದಿಲ್ಲವಾ?”

ಉಮ್ಮ ಅರಬಿ ಓದುವ ಹಾಗೆ ಬಲದಿಂದ ಎಡಕ್ಕೆ ಓದಿದ್ದರು. ನಾನು ನಕ್ಕುಬಿಟ್ಟೆ. ಈ ಕಡೆಯಿಂದ ನೋಡಬೇಕು ಎಂದು ಬೆರಳಿಟ್ಟು ತೋರಿಸಿದೆ. “ಹಾಗಾ, ಸರಿ” ಎಂದರು.

ಆಗಲೇ ನಮ್ಮ ಸಂಪಾದಕ ಸರ್‌ಗೆ ಫೋನ್ ಮಾಡಬೇಕಿತ್ತು. ಮಾಡಲಿಲ್ಲ. ಮಾಡಿದರೆ ಮುದ್ರಣ ನಿಲ್ಲಿಸುತ್ತಾರೆಂದು ಗೊತ್ತಿತ್ತು, ಮತ್ತೆ ಹನ್ನೊಂದು ಸಲ ಬಿಡಿಸಲು ನನ್ನಿಂದಾಗದು. ಅದಕ್ಕಿಂತ ಹೆಚ್ಚಾಗಿ, ನಮ್ಮ ಮನೆಯಲ್ಲಿ ಹೀಗೆ ತಿರುಗಿಸಿ ಓದುತ್ತಾರೆ ಎಂದು ಹೇಳಲು ನಾಚಿಕೆಯಾಯಿತು. ಉಮ್ಮ ಒಬ್ಬರೇ ತಾನೇ ಎಂದು ಸಮಾಧಾನ ಮಾಡಿಕೊಂಡೆ. ಇಂಥ ಸಮಾಧಾನಗಳನ್ನು ಹುಡುಕುವುದರಲ್ಲಿ ನಾನು ಗಟ್ಟಿಗಿತ್ತಿ.

ನಾಲ್ಕನೇ ದಿನ ಬೆಳಿಗ್ಗೆ ಹತ್ತರ ಹೊತ್ತಿಗೆ ಉಮ್ಮ ಅಡಿಗೆಮನೆಯಲ್ಲಿ ಗೋಡೆ ಹಿಡಿದು ನಿಂತಿದ್ದರು. ಮದ್ದು ತೆಗೆದುಕೊಂಡಿದ್ದರು, ತಿಂಡಿ ತಿಂದಿರಲಿಲ್ಲ. ಕುಪ್ಪಸ ಬೆವರಿನಿಂದ ಒದ್ದೆಯಾಗಿ ಕೈ ನಡುಗುತ್ತಿತ್ತು. ಸಕ್ಕರೆ ನೀರು ಕದಡಿ ಬಾಯಿಗಿಟ್ಟರೆ ಲೋಟವನ್ನು ದೂಡಿದರು.

“ಬೇಡ. ನೀನೇ ಬಿಡಿಸಿದ್ದಲ್ಲವಾ, ಕುಡೀಬಾರದು ಅಂತ.”

ಆ ಮಾತು ಇವತ್ತಿಗೂ ನನ್ನನ್ನು ಬಿಟ್ಟಿಲ್ಲ. ಬೇಡ ಬೇಡ ಎನ್ನುತ್ತಿದ್ದ ಉಮ್ಮನಿಗೆ ಅತ್ತು, ಕಾಡಿ, ಗುಟುಕು ಗುಟುಕಾಗಿ ಕುಡಿಸಿದೆ. ಕಾಲು ಗಂಟೆಯಲ್ಲಿ ಅವರ ಮುಖಕ್ಕೆ ಕಳೆ ಬಂತು. ಊಟ ಮಾಡಿಸಿ, ಪಕ್ಕದ ಮನೆಯವರನ್ನು ಹತ್ತಿರ ಕೂರಿಸಿ, ಬಲ್ಮಠಕ್ಕೆ ರಿಕ್ಷಾ ಹಿಡಿದೆ.

ಕಚೇರಿಯ ಬಾಗಿಲಲ್ಲೇ ಕರಪತ್ರದ ಕಟ್ಟುಗಳನ್ನು ಪೇರಿಸಿ ಇಟ್ಟಿದ್ದರು. ಮಧ್ಯಾಹ್ನ ಆಸ್ಪತ್ರೆಯ ಗಾಡಿ ಬರುವುದಿತ್ತು. ಸರ್ ಹೊಸ ಅಂಗಿ ಹಾಕಿಕೊಂಡಿದ್ದರು. ಅದನ್ನು ನೋಡಿ ಇನ್ನಷ್ಟು ಸಂಕಟವಾಯಿತು. ಎಲ್ಲವನ್ನೂ ಹೇಳಿದೆ, ನಾಲ್ಕು ದಿನ ಬಾಯಿ ಮುಚ್ಚಿಕೊಂಡಿದ್ದನ್ನೂ ಹೇಳಿದೆ.

ಅವರು ಒಂದು ಕರಪತ್ರ ಎಳೆದು ಬಲದಿಂದ ಒಂದೊಂದೇ ಚೌಕದ ಮೇಲೆ ಬೆರಳಿಟ್ಟುಕೊಂಡು ಬಂದರು. ಕೊನೆಗೆ ಬೆರಳು ನಡುಗುವ ಹೆಂಗಸಿನ ಮೇಲೆ ನಿಂತಿತು. ಆಸ್ಪತ್ರೆಗೆ ಫೋನ್ ಮಾಡಿದರು. “ಗಾಡಿ ಕಳಿಸಬೇಡಿ ಡಾಕ್ಟ್ರೇ. ಒಂದು ತಪ್ಪು ಉಂಟು, ದೊಡ್ಡದು. ನನ್ನದೇ” ಎಂದರು. ನನ್ನ ಹೆಸರು ಎತ್ತಲಿಲ್ಲ. ಫೋನಿಟ್ಟ ಮೇಲೆ, “ನಾನು ಕೇಳಿದ ಎಂಟೂ ಜನ ಎಡದಿಂದ ಓದುವವರೇ. ಈ ಊರಲ್ಲಿದ್ದುಕೊಂಡು ನನಗೆ ಅದು ಹೊಳೀಬೇಕಿತ್ತು” ಎಂದರು. ನಾಲ್ಕು ದಿನದ ಬಗ್ಗೆ ಅವರು ಆಗಲೂ ಕೇಳಲಿಲ್ಲ, ಆಮೇಲೂ ಕೇಳಲಿಲ್ಲ.

ಕತ್ತರಿ ತೆಗೆದು ನಾಲ್ಕು ಚೌಕಗಳನ್ನೂ ಬೇರೆ ಬೇರೆ ಕತ್ತರಿಸಿ ಮೇಜಿನ ಮೇಲೆ ಒಂದರ ಕೆಳಗೊಂದು ಇಟ್ಟರು. ಎಡದಿಂದ ಬರುವವರಿಗೂ ಬಲದಿಂದ ಬರುವವರಿಗೂ ಮೇಲಿನದು ಮೇಲೆಯೇ. ಇಷ್ಟು ಸುಲಭ. ನಾನೋ ತಿಂಗಳು ಹಿಡಿಯುತ್ತದೆಂದು ಹೆದರಿದ್ದೆ.

ಮರುದಿನ ಚೌಕಗಳನ್ನು ಹಾಗೆಯೇ ಅಂಟಿಸಿದ ಉದ್ದದ ಕಾಗದ ಹಿಡಿದುಕೊಂಡು ನಮ್ಮ ಮನೆಗೇ ಬಂದರು. ಉಮ್ಮನ ಎದುರು ಕುರ್ಚಿ ಹಾಕಿ ಕೂತು, ತುಳುವಿನಲ್ಲಿ ಕೇಳಿದರು. ಉಮ್ಮ ಮೇಲಿನಿಂದ ಕೆಳಗೆ ಹೇಳಿದರು: ನಡುಕ, ಸಕ್ಕರೆ ನೀರು, ಆರಾಮ, ಊಟ. “ಇನ್ನೊಮ್ಮೆ ಹೇಳಿ ಉಮ್ಮ” ಎಂದರು. ಉಮ್ಮ ಇನ್ನೊಮ್ಮೆ ಹೇಳಿದರು. ಸರ್ ಕಣ್ಣು ಮುಚ್ಚಿ ಉಸಿರು ಬಿಟ್ಟರು. ಆ ಗಳಿಗೆ ಅವರ ಕಾಲಿಗೆ ಬೀಳಬೇಕೆನಿಸಿತ್ತು.

ಚಹಾ ಕುಡಿಯುವಾಗ ಉಮ್ಮ ತಾವಾಗಿಯೇ, “ನಿಮ್ಮ ದೋಣಿಯ ಕತೆ ಯಾಕೆ ನಿಲ್ಲಿಸಿದ್ರಿ?” ಎಂದು ಕೇಳಿದರು. ನಾನು ಬೆಚ್ಚಿದೆ. ಉಮ್ಮ ಒಳಗೆ ಹೋಗಿ ಕಪಾಟಿನಿಂದ ನಮ್ಮ ಮಾಸಿಕದ ಕಟ್ಟು ತಂದು ಮಂಚದ ಮೇಲಿಟ್ಟರು. ನಾನು ತಿಂಗಳು ತಿಂಗಳು ಮನೆಗೆ ತಂದು ಎಲ್ಲೆಂದರಲ್ಲಿ ಬಿಸಾಡುತ್ತಿದ್ದ ಪ್ರತಿಗಳು, ಒಂದೂ ತಪ್ಪಿರಲಿಲ್ಲ. ಒಂದನ್ನು ನಾವು ಕೊನೆ ಎನ್ನುವ ಪುಟದಿಂದ ತೆರೆದು, ಸರ್‌ಗೆ ಕತೆ ಹೇಳತೊಡಗಿದರು. ಕಟ್ಟಿಹಾಕಿದ ಒಬ್ಬನನ್ನು ಪೊಲೀಸರು ಬಿಚ್ಚಿ ಬಿಡುತ್ತಾರೆ. ಅಡಿಗೆಯವನು ಅವನನ್ನು ಮೂಸಿ ನೋಡಿ ದೋಣಿಗೆ ಹೋಗುತ್ತಾನೆ. ಬಿಡುಗಡೆಯಾದ ಆ ಮನುಷ್ಯ ತನ್ನ ಚೀಲದಲ್ಲಿದ್ದದ್ದನ್ನೆಲ್ಲ ಯಾರಿಗೂ ಕಾಣದ ಹಾಗೆ ಒಂದೊಂದಾಗಿ ಅದರದರ ಜಾಗದಲ್ಲಿಟ್ಟು ಹೊರಟುಹೋಗುತ್ತಾನೆ.

“ಒಳ್ಳೆ ಮನುಷ್ಯ” ಎಂದರು ಉಮ್ಮ.

ಸರ್ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. “ಇಷ್ಟು ಚಂದದ ಕತೆ ನನಗೆ ಬರೀಲಿಕ್ಕೆ ಬರಲೇ ಇಲ್ಲ ಉಮ್ಮ” ಎಂದು, ಇನ್ನೊಂದು ಸಂಚಿಕೆ ಎತ್ತಿ ಅವರ ಕೈಗೆ ಕೊಟ್ಟರು. ಹೀಗೆ ನಾಲ್ಕೈದು ಕತೆ ಆಯಿತು. ಕೊನೆಗೆ, “ಇದನ್ನೆಲ್ಲ ಮಗಳಿಗೆ ಹೇಳಿರಲಿಲ್ಲವಾ?” ಎಂದು ಕೇಳಿದರು.

ಉಮ್ಮ ಪುಟದಿಂದ ತಲೆ ಎತ್ತದೆ, “ಅವಳು ಕೇಳಲಿಲ್ಲ” ಎಂದರು.