ಸೊನ್ನೆ ಹಲಗೆ ನೇತುಹಾಕುವ ಹಕ್ಕು

ಶಿಯೋಹಾಮಾದ ನಮ್ಮ ಅಂಗಡಿ ಬೀದಿಗೆ ಆ ತುದಿಯಿಂದ ಈ ತುದಿಯವರೆಗೂ ಛಾವಣಿ ಇದೆ. ಬೀದಿಯ ನಡುಮಧ್ಯದಲ್ಲಿ, ಉಪ್ಪಿನಕಾಯಿ ಅಂಗಡಿ ಮತ್ತು ಅದರ ಎದುರಿನ, ಆಲೂಗಡ್ಡೆಯ ಕೊರೊಕ್ಕೆ ಕರಿದು ಮಾರುವ ಅಂಗಡಿಯ ನಡುವೆ, ಮೇಲಿನಿಂದ ಒಂದು ಫಲಕ ತೂಗುತ್ತದೆ. ‘ನಮ್ಮ ಕಮೋಮೆ ತಂಡ ಚಾಂಪಿಯನ್ ಆಗಲು ಇನ್ನು’ ಎಂದು ಅದರಲ್ಲಿ ಬರೆದಿದೆ. ಕಮೋಮೆ ನಮ್ಮೂರಿನ ಬೇಸ್‌ಬಾಲ್ ತಂಡ. ಅದರ ಕೆಳಗಿನ ಕೊಕ್ಕೆಗೆ ಅಂಕಿಯ ಹಲಗೆ ಸಿಕ್ಕಿಸಬೇಕು. ಕಮೋಮೆ ಗೆದ್ದರೆ ಅಂಕಿ ಒಂದು ಇಳಿಯುತ್ತದೆ. ಪಟ್ಟಿಯಲ್ಲಿ ಬೆನ್ನಿಗೇ ಇರುವ ಎದುರಾಳಿ ತಂಡ ತನ್ನ ಪಂದ್ಯದಲ್ಲಿ ಸೋತರೂ ಒಂದು ಇಳಿಯುತ್ತದೆ. ಅಂಕಿ ಸೊನ್ನೆಯಾದರೆ ಮುಗಿಯಿತು. ಉಳಿದ ಪಂದ್ಯಗಳು ಏನಾದರೂ ಆಗಲಿ, ಆ ವರ್ಷ ನಮ್ಮದೇ.

ಫಲಕ ಮಾಡಿದವರು ಉಪ್ಪಿನಕಾಯಿ ಅಂಗಡಿಯ ಹತ್ಸುಯೆ ಅವರ ಗಂಡ. ಅವರು ತೀರಿಹೋದ ಮೇಲೆ ಏಣಿ ಹತ್ತುವ ಕೆಲಸ ಹತ್ಸುಯೆ ಅವರದಾಯಿತು. ಬೆಳಿಗ್ಗೆ ಉಪ್ಪು ಬೆರೆಸಿದ ತೌಡಿನ ಮರಿಗೆಗೆ ಮೊಣಕೈವರೆಗೂ ಕೈಹಾಕಿ, ಅದರಲ್ಲಿ ಹುಳಿಯಲು ಹೂತಿಟ್ಟ ಮೂಲಂಗಿ, ಸೌತೆಕಾಯಿಗಳನ್ನು ತಿರುವಿಹಾಕುತ್ತಿದ್ದರು. ಆಮೇಲೆ ಕೈ ತೊಳೆದು ಏಣಿ ತರುತ್ತಿದ್ದರು. ಅಂಕಿ ಬದಲಾಗದಿದ್ದರೂ, ಪಂದ್ಯವಿರುವ ದಿನ ಹಲಗೆ ಇಳಿಸಿ, ಒರೆಸಿ, ಮತ್ತೆ ಹಾಕಬೇಕೆಂಬುದು ನಮ್ಮ ಬೀದಿಯ ಪದ್ಧತಿ. ಗಂಡ ಬರೆದ ಅಂಕಿಗಳಲ್ಲಿ ಒಂದು ಹಲಗೆ ಮಾತ್ರ ಇದುವರೆಗೆ ಕೊಕ್ಕೆ ಕಂಡಿರಲಿಲ್ಲ. ಅದು ಸೊನ್ನೆ. ಅದನ್ನು ಬಟ್ಟೆಯಲ್ಲಿ ಸುತ್ತಿ ಮರಿಗೆಗಳ ಹಿಂದಿನ ಕಪಾಟಿನಲ್ಲಿ ಇಟ್ಟಿದ್ದರು. ಎಂದಾದರೊಂದು ದಿನ ಅದನ್ನು ತಮ್ಮ ಕೈಯಿಂದಲೇ ಹಾಕಬೇಕು ಎಂಬುದೊಂದೇ ಹತ್ಸುಯೆ ಅವರ ಆಸೆ.

ಈ ವರ್ಷ ಕಮೋಮೆ ಚೆನ್ನಾಗಿ ಆಡುತ್ತಿತ್ತು. ಆದರೆ ಆಗಸ್ಟಿನಲ್ಲಿ ಹತ್ಸುಯೆ ಮೀನಿನಂಗಡಿಯ ಮುಂದಿನ ನೀರಿನಲ್ಲಿ ಜಾರಿ ಕಾಲು ಉಳುಕಿಸಿಕೊಂಡರು. ಕಾಲು ವಾಸಿಯಾಗುವವರೆಗೆ ಏಣಿ ಹತ್ತಕೂಡದೆಂದು ಡಾಕ್ಟರು ಹೇಳಿದರು. ಅಲ್ಲಿಯವರೆಗೆ ನಾನು ಹಾಕುತ್ತೇನೆ ಎಂದು ಕೊರೊಕ್ಕೆ ಅಂಗಡಿಯ ತೊಕುಜಿ ಮುಂದೆ ಬಂದರು. ಅವರು ಬೆಟ್ಟದ ಕಡೆಯ ಊರಿನವರು, ಇಲ್ಲಿಗೆ ಬಂದು ಮೂರೇ ವರ್ಷವಾಗಿತ್ತು. ಮೊದಲ ವರ್ಷ ಗೆರೆಯಾಚೆ ಬಿದ್ದು ಲೆಕ್ಕಕ್ಕೆ ಬಾರದ ಚೆಂಡಿಗೂ ಚಪ್ಪಾಳೆ ತಟ್ಟಿ ನಗೆಪಾಟಲಾಗಿದ್ದರು.

ತೊಕುಜಿ ಹಲಗೆ ಹಾಕಿದ ದಿನ ಕಮೋಮೆ ಗೆದ್ದಿತು. ಮರುದಿನವೂ ಗೆದ್ದಿತು. ಹತ್ಸುಯೆ ಅವರ ಕಾಲು ವಾಸಿಯಾಗುವವರೆಗೂ ಗೆಲ್ಲುತ್ತಲೇ ಹೋಯಿತು. ಅವರು ಮತ್ತೆ ಏಣಿಗೆ ಕೈಹಚ್ಚಿದ ಬೆಳಿಗ್ಗೆ ಬೀದಿಯ ಸಂಘದ ಅಧ್ಯಕ್ಷ ಕುರಮೋಚಿ ಓಡಿಬಂದರು.

“ಗೆಲ್ಲೋ ಕೈನ ಬದಲಾಯಿಸಬಾರದು ನೇಸಾನ್. ಸೋಲೋವರೆಗೂ ಅವನೇ ಹಾಕ್ಲಿ ಬಿಡಿ.”

ನಮ್ಮ ಬೀದಿಯಲ್ಲಿ ಎಲ್ಲರಿಗೂ ಹತ್ಸುಯೆ ‘ನೇಸಾನ್’, ಅಂದರೆ ಅಕ್ಕ. ಅಕ್ಕನಾದವರು ಜಗಳವಾಡುವುದು ಚೆನ್ನಾಗಿರುವುದಿಲ್ಲ. ಅವರು ಏಣಿ ಬಿಟ್ಟುಕೊಟ್ಟು, ನನಗೂ ಮೊಣಕಾಲು ನೋವು, ಒಳ್ಳೆಯದೇ ಆಯಿತು ಎಂದರು. ಅವರಿಗೆ ಮೊಣಕಾಲು ನೋವು ಇರಲಿಲ್ಲ.

ಕೊನೆಗೊಮ್ಮೆ ಕಮೋಮೆ ಸೋತಿತು. ಮಾರನೆಯ ಬೆಳಿಗ್ಗೆ ಯಾರೂ ಏಳುವ ಮೊದಲೇ ಹತ್ಸುಯೆ ಹಲಗೆ ಒರೆಸಿ ಹಾಕಿದರು. ಅಂದು ಕಮೋಮೆ ಇನ್ನೂ ಹೀನಾಯವಾಗಿ ಸೋತಿತು. ನೇಸಾನ್ ಕೈಯ ತೌಡಿನ ವಾಸನೆಗೆ ಅದೃಷ್ಟ ಮೂಗು ಮುಚ್ಚಿಕೊಂಡು ಓಡಿತು ಎಂದು ಮೀನಿನಂಗಡಿಯಾಕೆ ತಮಾಷೆ ಮಾಡಿದರು. ಬೀದಿಯೆಲ್ಲ ನಕ್ಕಿತು, ಹತ್ಸುಯೆ ಕೂಡ ನಕ್ಕರು. ಅದರ ಮಾರನೆಯ ದಿನ ಏಣಿಯ ಮೇಲೆ ತೊಕುಜಿ ಇದ್ದರು, ಕಮೋಮೆ ಗೆದ್ದಿತು.

ಅಲ್ಲಿಂದ ಹತ್ಸುಯೆ ಅವರ ಹೊಟ್ಟೆಯೊಳಗೆ ಕಿಚ್ಚು ಹೊತ್ತಿಕೊಂಡಿತು. ತೊಕುಜಿಯ ಚಿತ್ರ ಪತ್ರಿಕೆಯಲ್ಲಿ ಬಂತು. ಪಕ್ಕದ ಊರಿನವರೂ ಬಂದು ಅವರ ಅಂಗಡಿಯ ಮುಂದೆ ಸಾಲು ನಿಂತರು, ಕೊರೊಕ್ಕೆ ಕೊಂಡು, ಆ ಎಣ್ಣೆಗೈಯನ್ನು ಮುಟ್ಟಿ ಹೋದರು. ಹತ್ಸುಯೆ ದಿನಾ ಮಧ್ಯಾಹ್ನ ತಿನ್ನುತ್ತಿದ್ದ ಕೊರೊಕ್ಕೆ ಬಿಟ್ಟರು. ಎಣ್ಣೆಯ ಹೊಗೆ ಮೂಲಂಗಿಗೆ ತಾಗುತ್ತದೆ ಎಂದು ತಮ್ಮ ಅಂಗಡಿಯ ಮುಂಬಾಗಿಲಿಗೆ ಪರದೆ ಕಟ್ಟಿದರು. ಪರದೆಯ ಸಂದಿಯಿಂದ ಸಾಲು ಎಷ್ಟುದ್ದ ಇದೆಯೆಂದು ಮಾತ್ರ ನೋಡುತ್ತಲೇ ಇದ್ದರು.

ಉಳಿದ ಪಂದ್ಯಗಳು ಕಡಿಮೆಯಾಗುತ್ತ ಬಂದಂತೆ ಅವರಿಗೊಂದು ದಾರಿ ಹೊಳೆಯಿತು. ಕಮೋಮೆ ಗೆದ್ದು ಸೊನ್ನೆಯಾದರೆ ಅದು ತೊಕುಜಿಯ ಕೈಯ ಮಹಿಮೆ. ಬೆನ್ನಿಗಿರುವ ಎದುರಾಳಿ ಕಿತಾಗಾವಾ ತಂಡ ಸೋತು ಸೊನ್ನೆಯಾದರೆ ಅದು ಯಾರ ಕೈಯದೂ ಅಲ್ಲ. ಆಗ ಹಲಗೆ ಹಾಕುವ ಹಕ್ಕು ತಮಗೇ ಬರುತ್ತದೆ. ಆ ದಿನದಿಂದ ಅವರು ಕಿತಾಗಾವಾ ಪಂದ್ಯ ಕೇಳಲು ಶುರುಮಾಡಿದರು. ಅಂಗಡಿಯ ರೇಡಿಯೊದಲ್ಲಿ ಎಲ್ಲರಿಗೂ ಕೇಳುವಂತೆ ಕಮೋಮೆ, ಅಪ್ರನ್ನಿನ ಜೇಬಿನಲ್ಲಿದ್ದ ಸಣ್ಣ ರೇಡಿಯೊದಿಂದ ಒಂದು ಕಿವಿಗೆ ಮಾತ್ರ ಕಿತಾಗಾವಾ. ಕಿತಾಗಾವಾ ಸೋಲಲಿ ಎಂದು ಬೇಡುತ್ತಿದ್ದವರು ದಿನ ಕಳೆದಂತೆ ಅದಕ್ಕೆ ಇನ್ನೊಂದು ಮಾತು ಸೇರಿಸಿದರು: ಕಮೋಮೆಯೂ ಸೋಲಲಿ.

ಒಂದು ದಿನ ಹಾಗೆಯೇ ಎರಡೂ ಸೋತವು. ಉಪ್ಪಿನಕಾಯಿಗೆ ಬಂದ ಕುರಮೋಚಿ ಹತ್ಸುಯೆ ಅವರ ಮುಖ ನೋಡಿದರು.

“ಸೋತಿದೀವಿ, ನೀವು ನಗ್ತಿದೀರಲ್ಲ ನೇಸಾನ್?”

“ಸೌತೆಕಾಯಿಗೆ ಹುಳಿ ಚೆನ್ನಾಗಿ ಹತ್ತಿದೆ. ಅದಕ್ಕೆ ನಕ್ಕೆ. ತಿಂದು ನೋಡು.”

ಕುರಮೋಚಿ ತಿಂದು, ಹೌದು ಎಂದರು. ಹೋಗುವ ಮುಂಚೆ, ಅಂಕಿ ಒಂದಕ್ಕೆ ಬಂದಿದೆಯಲ್ಲ, ಆ ಸೊನ್ನೆ ಹಲಗೆಯನ್ನು ತೊಕುಜಿಗೆ ಕೊಟ್ಟಿರಿ ಎಂದರು. ಎಲ್ಲಿಟ್ಟಿದ್ದೇನೋ ನೆನಪಿಲ್ಲ, ಹುಡುಕುತ್ತೇನೆ ಎಂದರು ಹತ್ಸುಯೆ. ಕಪಾಟು ಅವರ ಬೆನ್ನಿಗೆ ತಾಗಿಕೊಂಡೇ ಇತ್ತು.

ಭಾನುವಾರ ಕಮೋಮೆಗೆ ಮಧ್ಯಾಹ್ನದ ಪಂದ್ಯ. ಬೀದಿಯವರೆಲ್ಲ ಕೊರೊಕ್ಕೆ ಅಂಗಡಿಯ ಟಿವಿ ಮುಂದೆ ಸೇರಿದ್ದರು. ಕಮೋಮೆಯ ಚೆಂಡೆಸೆಯುವ ಪಿಚರ್ ಮೊದಲಲ್ಲೇ ಎಡವಿದ, ತಂಡ ಕೊನೆಯವರೆಗೂ ಸುಧಾರಿಸಿಕೊಳ್ಳಲಿಲ್ಲ. ಕಿತಾಗಾವಾ ಸೋತೀತೆಂದು ಯಾರೂ ಎಣಿಸಿರಲಿಲ್ಲ, ಇನ್ನೇನಿದ್ದರೂ ಮುಂದಿನ ಪಂದ್ಯಕ್ಕೆ ಎಂದು ಜನ ಚದುರಿದರು. ತೊಕುಜಿ ಒಲೆ ಆರಿಸಿ, ತಲೆ ತಗ್ಗಿಸಿ ಒಳಗೆ ಹೋದರು. ಇದು ತಮ್ಮದೇ ತಪ್ಪು ಎಂಬಂತೆ ಇತ್ತು ಅವರ ನಡಿಗೆ.

ಕಿತಾಗಾವಾ ಪಂದ್ಯ ತಡವಾಗಿ ಶುರುವಾಗಿತ್ತು, ಇನ್ನೂ ನಡೆಯುತ್ತಿತ್ತು. ಹತ್ಸುಯೆ ಮರಿಗೆಯ ಮುಂದೆ ನಿಂತು ಒಂದು ಕಿವಿಯಲ್ಲಿ ಅದನ್ನು ಕೇಳುತ್ತಿದ್ದರು. ಸಂಜೆಯ ಹೊತ್ತಿಗೆ ಕಿತಾಗಾವಾದ ಕೊನೆಯ ಆಟಗಾರ ಎತ್ತಿ ಹೊಡೆದ ಚೆಂಡನ್ನು ಯಾರೋ ಹಿಡಿದರು. ಅಷ್ಟೇ. ಕಿತಾಗಾವಾ ಸೋತಿತು, ಅಂಕಿ ಸೊನ್ನೆಯಾಯಿತು.

ಕೈಯ ತೌಡನ್ನು ತೊಳೆಯದೆಯೇ ಅವರು ಕಪಾಟು ತೆಗೆದರು. ಏಣಿ ಎಳೆದುತಂದು, ಹಲಗೆಯನ್ನು ಕಂಕುಳಲ್ಲಿ ಇಟ್ಟುಕೊಂಡು ಹತ್ತಿದರು. ಅರ್ಧ ಹತ್ತುವಷ್ಟರಲ್ಲಿ ಟಿವಿಯಲ್ಲೂ ಸುದ್ದಿ ಬಂದು ಜನ ಹೊರಗೆ ಬಂದರು. ಏಣಿ ಅಲುಗಾಡುವುದನ್ನು ಕಂಡು ತೊಕುಜಿ ಬರಿಗಾಲಲ್ಲೇ ಓಡಿಬಂದು ಅದನ್ನು ಹಿಡಿದರು.

“ನಿಜಾನಾ ನೇಸಾನ್? ಸೋತ್ರೂ ಗೆದ್ವಾ?”

“ಗೆದ್ವಿ.”

ತೊಕುಜಿ ಅಳತೊಡಗಿದರು. ಎರಡೂ ಕೈ ಏಣಿಯ ಮೇಲಿದ್ದುದರಿಂದ ಒರೆಸಿಕೊಳ್ಳಲೂ ಆಗದೆ, ಮುಖ ಮೇಲೆತ್ತಿಕೊಂಡೇ ಅತ್ತರು. ಹತ್ಸುಯೆ ಮೇಲಿನಿಂದ ಆ ಮುಖ ನೋಡಿದರು. ಗಂಡನೊಂದಿಗೆ ಕುಳಿತು ಎಷ್ಟೋ ಸಲ ಕಲ್ಪಿಸಿಕೊಂಡಿದ್ದ ಮುಖ ಅದು, ಆದರೆ ಆ ಕಲ್ಪನೆಯಲ್ಲಿ ಅದು ಅವರದೇ ಮುಖವಾಗಿತ್ತು. ಈಗ ಸೊನ್ನೆ ಅವರ ಕೈಯಲ್ಲಿತ್ತು, ಏಣಿಯ ತುದಿ ಅವರದಾಗಿತ್ತು, ಕಣ್ಣಲ್ಲಿ ಮಾತ್ರ ಒಂದು ಹನಿಯೂ ಇರಲಿಲ್ಲ. ಮಧ್ಯಾಹ್ನವೆಲ್ಲ ತಮ್ಮ ತಂಡ ಸೋಲಲೆಂದು ಕಾದವರಿಗೆ ಹನಿ ಎಲ್ಲಿಂದ ಬಂದೀತು? ಮುಂದೆ ಚಳಿಗಾಲದಲ್ಲಿ ಹತ್ಸುಯೆ ನನ್ನ ತಾಯಿಗೆ ಇದನ್ನು ಹೇಳುವಾಗ, ತೊಕುಜಿಯ ಕೈಗಿಂತ, ಅದೃಷ್ಟಕ್ಕಿಂತ, ಆ ಅಳುವನ್ನು ಕಂಡೇ ಹೆಚ್ಚು ಹೊಟ್ಟೆ ಉರಿಯಿತು ಎಂದರಂತೆ.

“ತೊಕುಜಿ, ನೀನು ಬಾ ಮೇಲೆ. ನೀನೇ ಹಾಕು.”

“ಬೇಡ ನೇಸಾನ್. ನಾನು ಬಿಟ್ರೆ ನೀವು ಬೀಳ್ತೀರ. ಬೇಗ ಹಾಕಿ, ನಾನು ನೋಡ್ಬೇಕು.”

ಹತ್ಸುಯೆ ಹಾಕಿದರು. ಹಲಗೆಯ ಅಂಚಿಗೆ ತೌಡು ಮೆತ್ತಿಕೊಂಡಿತು. ಎಲ್ಲರೂ ಚಪ್ಪಾಳೆ ತಟ್ಟಿದರು, ತೊಕುಜಿಗೆ ಮಾತ್ರ ಆಗಲಿಲ್ಲ, ಅವರು ಏಣಿ ಬಿಟ್ಟಿರಲಿಲ್ಲ.

ಆಮೇಲೆ ಇನ್ನೂ ಎರಡು ಪಂದ್ಯ ಉಳಿದಿದ್ದವು. ಅವು ಯಾವ ಲೆಕ್ಕಕ್ಕೂ ಇರಲಿಲ್ಲ. ಹೊಸ ಹುಡುಗರನ್ನು ಆಡಿಸುತ್ತಾರೆ, ಕ್ರೀಡಾಂಗಣ ಅರ್ಧ ಖಾಲಿಯಿರುತ್ತದೆ, ಬೀದಿಯಲ್ಲಿ ಯಾರೂ ಟಿವಿ ಹಾಕುವುದಿಲ್ಲ. ಹತ್ಸುಯೆ ಕಿವಿಯ ತಂತಿಯನ್ನು ಸುತ್ತಿ ಒಳಗಿಟ್ಟು ಅಂಗಡಿಯ ರೇಡಿಯೊ ಹಾಕಿದರು. ಹೆಸರೇ ಕೇಳದ ಹುಡುಗನೊಬ್ಬ ಚೆಂಡನ್ನು ದೂರಕ್ಕೆ ಹೊಡೆದಾಗ ಅವರ ಕೈ ತಾನಾಗಿಯೇ ಮರಿಗೆಯ ಅಂಚನ್ನು ಬಡಿಯಿತು. ಎಷ್ಟೋ ವಾರಗಳ ಮೇಲೆ ಹಾಗೆ ಬಡಿದದ್ದು.

ಅದೇ ಹೊತ್ತಿಗೆ ಎದುರು ಅಂಗಡಿಯಿಂದಲೂ ಬಾಣಲೆಗೆ ಸೌಟು ಬಡಿದ ಸದ್ದು ಬಂತು. ತೊಕುಜಿಯೂ ಅದೇ ಪಂದ್ಯವನ್ನು ರೇಡಿಯೊದಲ್ಲಿ ಕೇಳುತ್ತಿದ್ದರು.

ಹತ್ಸುಯೆ ಎದ್ದು ಪರದೆಯನ್ನು ಬಿಚ್ಚಿದರು. ಆಮೇಲೆ ತಮ್ಮ ರೇಡಿಯೊದ ಸದ್ದನ್ನು ಅವರದಕ್ಕಿಂತ ಸ್ವಲ್ಪ ಹೆಚ್ಚಿಸಿದರು.