ಅಲ್ಲಾಡದ ಕ್ಯಾಮರಾ

ಮದ್ರಾಸಿನಲ್ಲಿ ಸಿನಿಮಾ ಛಾಯಾಗ್ರಾಹಕರ ಕೈಕೆಳಗೆ ದುಡಿಯುತ್ತಿದ್ದಾಗಲೇ ನನಗೊಂದು ಹಟವಿತ್ತು. ಕಿಟಕಿಯ ಬೆಳಕು ಸಾಕು. ಕ್ಯಾಮರಾ ಇಟ್ಟ ಮೇಲೆ ಅಲ್ಲಾಡಿಸಬಾರದು. ಜನ ಬರಲಿ, ಹೋಗಲಿ, ಹೋದ ಮೇಲೆ ಖಾಲಿ ಗೋಡೆಯೂ ಸ್ವಲ್ಪ ಹೊತ್ತು ಕಾಣಲಿ. "ಖಾಲಿ ಗೋಡೆ ನೋಡೋಕೆ ಯಾರ್ರೀ ಟಿಕೆಟ್ ತಗೋತಾರೆ?" ಎಂದು ನಿರ್ಮಾಪಕರೊಬ್ಬರು ಗದರಿದರು. ಎಂಬತ್ತರ ದಶಕದಲ್ಲಿ ಗಂಟುಮೂಟೆ ಕಟ್ಟಿ ಮೂಡಬಿದಿರೆಗೆ ಬಂದೆ. ಬಾಡಿಗೆ ಕೋಣೆ, ಒಂದು ವಿಡಿಯೋ ಕ್ಯಾಮರಾ, ನಾನು. ದಿನವಿಡೀ ಬೇರೆಯವರ ಮದುವೆ ತೆಗೆದು ಬಂದು ಒಬ್ಬನೇ ಗಂಜಿ ಉಣ್ಣುವಾಗ ಆಗುತ್ತಿದ್ದ ಬೇಸರ ಅಷ್ಟಿಷ್ಟಲ್ಲ.

ಒಮ್ಮೆ ಕಲ್ಲಡ್ಕದ ಬ್ಯಾರಿ ಮುಸ್ಲಿಮರ ಮನೆಯೊಂದರಿಂದ ಕರೆ ಬಂತು. ಗಂಡ ಗಲ್ಫಿಗೆ ಹೋದ ಮೇಲೆ ಹುಟ್ಟಿದ ಮಗಳು ಈಗ ನಡೆಯತೊಡಗಿದ್ದಳು. "ಅವರು ಇವಳನ್ನು ಫೋಟೋದಲ್ಲಿ ಮಾತ್ರ ನೋಡಿದ್ದು ಅಣ್ಣ. ನಡೆಯುವುದನ್ನೊಮ್ಮೆ ನೋಡ್ಲಿ," ಎಂದರು ತಾಯಿ. ಮರುದಿನ ಗಲ್ಫಿಗೆ ಹೊರಟಿದ್ದ ನೆಂಟರ ಕೈಯಲ್ಲಿ ಕ್ಯಾಸೆಟ್ ಕಳಿಸಬೇಕಿತ್ತು.

ಕ್ಯಾಮರಾ ಇಟ್ಟದ್ದೇ ತಡ, ಮನೆಯವರೆಲ್ಲ ಚಾವಡಿಯಲ್ಲಿ ಸಾಲಾಗಿ ನಿಂತು ಉಸಿರು ಬಿಗಿಹಿಡಿದರು. ಅಜ್ಜಿ ಮಗುವಿನ ಭುಜ ಹಿಡಿದು ನಿಲ್ಲಿಸಿದರು. "ಅಲ್ಲಾಡಬೇಡ, ಮುಖ ಹಾಳಾಗ್ತದೆ!"

"ಅಯ್ಯೋ ಮಾರಾಯ್ರೇ, ಇದು ಫೋಟೋ ಅಲ್ಲ! ಅಲ್ಲಾಡಿ!" ಎಂದು ಕೂಗಿದೆ. ಯಾರೂ ಕದಲಲಿಲ್ಲ. ಟೇಪ್ ಸುಮ್ಮನೆ ಓಡುತ್ತಿತ್ತು. ನನಗೆ ತಲೆಬಿಸಿ.

ಕೊನೆಗೆ ತಾಯಿ ಎಲ್ಲರನ್ನೂ ಬದಿಗೆ ಸರಿಸಿ, ಮಗುವನ್ನು ಬಿಡಿಸಿ ಕ್ಯಾಮರಾ ತೋರಿಸಿದರು. "ಅಲ್ಲಿಂದ ಉಪ್ಪ ನೋಡ್ತಾರೆ. ಹೋಗು, ಉಪ್ಪನ ಹತ್ತಿರ ಹೋಗು." ಅವರಲ್ಲಿ ಉಪ್ಪ ಎಂದರೆ ಅಪ್ಪ.

ಮಗು ತಟ್ಟಾಡುತ್ತ ಹೊರಟಿತು. ಬಾಗಿಲಿನ ಬೆಳಕು ದಾಟಿತು, ಒಮ್ಮೆ ಬಿತ್ತು, ಎದ್ದಿತು, ನೇರ ಕ್ಯಾಮರಾದತ್ತ ಬಂತು. ಲೆನ್ಸಿನ ಕೆಳಗೆ ನುಸುಳಿ ಎರಡೂ ಕೈಯಿಂದ ನನ್ನ ಮೊಣಕಾಲು ತಬ್ಬಿ, "ಉಪ್ಪಾ" ಎಂದಿತು.

ತಾಯಿ ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ಮಗುವನ್ನು ಎತ್ತಿಕೊಳ್ಳಬೇಕೆಂದು ನನಗೆ ತುಂಬ ಆಸೆಯಾಯಿತು. ಎತ್ತಲಿಲ್ಲ. ಕ್ಯಾಮರಾವನ್ನೂ ಬಗ್ಗಿಸಲಿಲ್ಲ.

"ಆ ಕರೆದದ್ದನ್ನು ಅಳಿಸ್ಲಿಕ್ಕೆ ಆಗ್ತದಾ ಅಣ್ಣ? ಅವರಿಗೆ ಬೇಜಾರಾದ್ರೆ?" ಎಂದು ತಾಯಿ ಮೆಲ್ಲಗೆ ಕೇಳಿದರು.

"ಮೊದಲು ನೋಡಿ," ಎಂದು ಅವರ ಟಿವಿಯಲ್ಲೇ ಹಾಕಿದೆ. ಪರದೆಯಲ್ಲಿ ಮಗು ಹತ್ತಿರ, ಇನ್ನೂ ಹತ್ತಿರ ಬಂದು ಕೆಳಗೆ ಮರೆಯಾಯಿತು. ಖಾಲಿ ಚಾವಡಿ ಮಾತ್ರ ಉಳಿಯಿತು. ಆಮೇಲೆ "ಉಪ್ಪಾ" ಎಂಬ ದನಿ. ನನ್ನ ಕಾಲಾಗಲಿ, ನಾನಾಗಲಿ ಎಲ್ಲೂ ಇರಲಿಲ್ಲ.

ಅಜ್ಜಿ ಕಣ್ಣೊರೆಸಿಕೊಂಡರು. "ನನ್ನ ಮಗನನ್ನೇ ಕರೆದ ಹಾಗೆ ಉಂಟಲ್ಲ!"

"ಅವರನ್ನೇ ಕರೆದದ್ದು, ಅಮ್ಮ," ಎಂದೆ. ಬೇರೇನು ಹೇಳಲಿ? ಈ ಜನ್ಮದಲ್ಲಿ ನನ್ನನ್ನು ಯಾರಾದರೂ ಹಾಗೆ ಕರೆದದ್ದು ಅದೊಂದೇ ಸಲ.